ಲಿಂಗದ ಕೈ ಕಡೆಯ ಕಾಲು

ನಮ್ಮ ಅತ್ತೆ ರೊಟ್ಟಿ ಬಡಿಯಲು ಕೂತರೆ ಒಂದು ಕಾಲು ಮಡಚಿ ಇನ್ನೊಂದನ್ನು ಚಾಚಿಕೊಳ್ಳುತ್ತಾರೆ. ಎಪ್ಪತ್ತು ದಾಟಿದರೂ ನಿಂತು ಅಡಿಗೆ ಮಾಡುವುದು ಅವರಿಗೆ ಒಗ್ಗಿಲ್ಲ. ಮಹಾರಾಷ್ಟ್ರದ ಗಡಿಸೀಮೆಯ ವಲಾಂಡಿಯ ಹೊಲದ ಮನೆ ಬಿಟ್ಟು ಹತ್ತಿರದ ನಿಲಂಗಾಕ್ಕೆ ನಮ್ಮ ಜೊತೆ ಇರಲು ಬಂದಾಗ, ಹಿತ್ತಲಲ್ಲಿ ಒಂದು ಒಲೆ ಹೂಡಿಕೊಡಬೇಕೆಂಬುದೊಂದೇ ಅವರ ಕರಾರು. ಒಂದು ದಿನ ಹಿಟ್ಟಿನ ಬುಟ್ಟಿ ಕೊಡಲು ಬಗ್ಗಿದ ನನಗೆ ಅವರ ಚಾಚಿದ ಎಡಗಾಲಿನ ಮೀನಖಂಡದ ಮೇಲೆ ಒಂದು ಕೆಂಪು ಗೆರೆ ಕಂಡಿತು. ಚರ್ಮದ ಕೆಳಗೆ ಹಗ್ಗದ ಎಳೆಯಿಟ್ಟು ಹೊಲಿದಂತಿತ್ತು. ಮುಟ್ಟಿ ನೋಡಿದೆ. ಬಿಸಿಯಾಗಿ, ಗಟ್ಟಿಯಾಗಿತ್ತು.

"ಏನ್ರೀ ಅತ್ತಿ ಇದು?"

"ಏನಿಲ್ಲ ಬಿಡು. ನರ ಹಿಡದದ. ಔಡಲೆಣ್ಣಿ ಹಚ್ಚಿ ತಿಕ್ಕಿದ್ರ ಹೋಗ್ತದ."

"ತಿಕ್ಕಬ್ಯಾಡ್ರಿ."

"ಯಾಕ? ನಿನ್ನ ಕಂಪ್ಯೂಟರದಾಗ ಹಂಗ ಬರದದ ಏನ?"

ಅವರು ಚೇಷ್ಟೆಗೆ ಕೇಳಿದ್ದರು. ಆದರೆ ನಿಜಕ್ಕೂ ಬರೆದಿತ್ತು.

ಮಕ್ಕಳು ದೊಡ್ಡವರಾದ ಮೇಲೆ ನಾನು ಮನೆಯಲ್ಲಿ ಕೂತೇ ಮೆಡಿಕಲ್ ಕೋಡಿಂಗ್ ಕಲಿತೆ. ದೂರ ದೇಶದ ಆಸ್ಪತ್ರೆಗಳ ಟಿಪ್ಪಣಿಗಳು ನನ್ನ ಪರದೆಗೆ ಬರುತ್ತವೆ. ವೈದ್ಯರು ಬರೆದ ರೋಗವನ್ನು ಓದಿ, ಅದಕ್ಕೆ ಸರಿಯಾದ ಸಂಕೇತ ಹಚ್ಚುವುದು ನನ್ನ ಕೆಲಸ. ಕಾಲಿನ ಮೇಲ್ಪದರದ ರಕ್ತನಾಳ ಬಾತು ಉರಿಯುವುದಕ್ಕೂ ಒಂದು ಸಂಕೇತವಿದೆ. ಇಂಗ್ಲಿಷಿನ ಐ, ಎಂಬತ್ತು, ಚುಕ್ಕೆ, ಸೊನ್ನೆ. ಅದರ ಮುಂದೆ ಇನ್ನೊಂದು ಅಂಕಿ ಬರುತ್ತದೆ. ಒಂದು ಇದ್ದರೆ ಬಲಗಾಲು, ಎರಡಿದ್ದರೆ ಎಡಗಾಲು, ಮೂರಿದ್ದರೆ ಎರಡೂ ಕಾಲು. ಯಾವ ಕಾಲೆಂದು ವೈದ್ಯರು ಬರೆಯದೇ ಹೋಗಿದ್ದರೆ ಸೊನ್ನೆ. ಹೊಸದರಲ್ಲಿ ಆ ಕೊನೆಯ ಅಂಕಿ ನನಗೆ ಅಷ್ಟು ದೊಡ್ಡದಾಗಿ ಕಂಡಿರಲಿಲ್ಲ. ಆಮೇಲೆ ಅದೇ ನನ್ನ ಪ್ರೀತಿಯ ಅಂಕಿಯಾಯಿತು. ಒಂದೇ ಟಿಪ್ಪಣಿಯಲ್ಲಿ ಮೇಲೆ ಬಲ ಎಂದೂ ಕೆಳಗೆ ಎಡ ಎಂದೂ ಬರೆದಿರುತ್ತಾರೆ. ಅವಸರದವರ ಕಣ್ಣಿಗೆ ಅದು ಬೀಳುವುದಿಲ್ಲ. ನನಗೆ ಬೀಳುತ್ತದೆ. ಬೀದರದ ಕಾನ್ವೆಂಟಿನಲ್ಲಿ ನಮ್ಮ ಸಿಸ್ಟರ್ ಹೇಳುತ್ತಿದ್ದರು, ಅಲ್ಲಿ ಏನಿರಬೇಕು ಅಂದುಕೊಂಡಿದ್ದೀಯೋ ಅದನ್ನು ಓದಬೇಡ, ಏನಿದೆಯೋ ಅದನ್ನು ಓದು ಎಂದು.

ಆದರೆ ಕಂಡ ಮಾತ್ರಕ್ಕೆ ತಿದ್ದುವ ಹಕ್ಕು ಕೋಡರಿಗೆ ಇಲ್ಲ. ಊಹಿಸಬಾರದು. ವೈದ್ಯರಿಗೆ ಒಂದು ಪ್ರಶ್ನೆ ಬರೆದು ಕಳಿಸಬೇಕು: ಇಲ್ಲಿ ಹೀಗಿದೆ, ಅಲ್ಲಿ ಹಾಗಿದೆ, ದಯವಿಟ್ಟು ಸ್ಪಷ್ಟಪಡಿಸಿ. ಅಷ್ಟೇ. ನೀವು ತಪ್ಪು ಎನ್ನುವಂತಿಲ್ಲ, ಇದೇ ಸರಿ ಎನ್ನುವಂತೆಯೂ ಇಲ್ಲ. ಯಾರ ಮನಸ್ಸೂ ನೋಯದ ಹಾಗೆ ಕೇಳುವ ಈ ರೀತಿ ನನ್ನ ಸ್ವಭಾವಕ್ಕೆ ಬಹಳ ಹಿಡಿಸಿತ್ತು. ಮನೆಯಲ್ಲಿ ಮಾತ್ರ ಈ ಕೆಲಸದ ಹೆಸರು "ಅಂಕಿ ಬರೆಯೋದು". ಪಕ್ಕದ ಮನೆಯವರು ಬಂದು ನಾನೆಲ್ಲಿ ಎಂದು ಕೇಳಿದರೆ ಅತ್ತೆ, "ಒಳಗ ಕುಂತು ಅಂಕಿ ಬರೀಲತ್ತಾಳ" ಎಂದು, ಮಗು ಬಳಪ ಹಿಡಿದು ಕೂತಿದೆಯೇನೋ ಎಂಬಂತೆ ಹೇಳುತ್ತಿದ್ದರು.

ಶನಿವಾರ ಸಂಜೆ ಅವರನ್ನು ದವಾಖಾನೆಗೆ ಕರೆದೊಯ್ದವರು ನನ್ನ ಯಜಮಾನರು. ನನಗೆ ಮುಗಿಸಬೇಕಾದ ಕೆಲಸವಿತ್ತು. ಜೊತೆಗೆ ಹೋಗದೇ ಇದ್ದದ್ದು ಇವತ್ತಿಗೂ ಒಳಗೆ ಚುಚ್ಚುತ್ತದೆ. ಡಾಕ್ಟರು ಮಾತ್ರೆ ಕೊಟ್ಟು, ತಿಕ್ಕಬೇಡಿ ಎಂದು ಹೇಳಿ, ಸೋಮವಾರ ಬೆಳಿಗ್ಗೆಯೇ ಉದಗೀರಿಗೆ ಹೋಗಿ ಕಾಲಿನ ಸೊನೋಗ್ರಫಿ ಮಾಡಿಸಲು ಚೀಟಿ ಬರೆದಿದ್ದರು. ಮೇಲ್ಪದರದ ನಾಳದಲ್ಲಿ ಹೆಪ್ಪುಗಟ್ಟಿದ ರಕ್ತ ಮೇಲೇರಿ ಒಳಗಿನ ದೊಡ್ಡ ನಾಳ ಸೇರಿದರೆ ಜೀವಕ್ಕೇ ಅಪಾಯ. ಎಲ್ಲಿಯವರೆಗೆ ಏರಿದೆ ಎಂದು ನೋಡಬೇಕಿತ್ತು.

ಭಾನುವಾರ ಮಧ್ಯಾಹ್ನ, ಉಪವಾಸ ಹೋಗಬೇಕೋ ಹೇಗೋ ಎಂದು ನೋಡಲು ಆ ಚೀಟಿ ಬಿಡಿಸಿದೆ. ರೋಗದ ಹೆಸರು ಸರಿಯಾಗಿತ್ತು. ಕೆಳಗೆ ಬರೆದಿತ್ತು: ಬಲಗಾಲು.

ಎರಡು ಸಲ ಓದಿದೆ. ಇಷ್ಟು ದಿನ ನನ್ನ ಕೆಲಸದಲ್ಲಿ ಕಾಗದ ಮಾತ್ರ ಕಾಣುತ್ತಿತ್ತು, ಕಾಲು ಯಾವತ್ತೂ ಕಂಡಿರಲಿಲ್ಲ. ಈಗ ಎರಡೂ ಒಂದೇ ಮನೆಯಲ್ಲಿದ್ದವು. ಹಿತ್ತಲಿಗೆ ಹೋಗಿ ಅತ್ತೆಯ ಸೀರೆ ಸರಿಸಿ ನೋಡಿದೆ. ಎಡಗಾಲು. ಬಲಗಾಲು ನುಣುಪಾಗಿ, ತಣ್ಣಗಿತ್ತು.

"ಅತ್ತಿ, ಡಾಕ್ಟರು ಕಾಲ ನೋಡಿದ್ರಲ್ಲರೀ?"

"ನೋಡ್ಯಾರ. ಒತ್ತೂ ನೋಡ್ಯಾರ. ಆಮ್ಯಾಲ ಕುರ್ಚಿ ಮ್ಯಾಲ ಕುಂತು ಬರೀಲಿಕ್ಕ ಹತ್ತಿದ್ರು. ಮಂದಿ ಭಾಳ ಇತ್ತವ್ವ. ಬರಕೋತ ಯಾವ ಕಾಲ ಅಂತ ಕೇಳಿದ್ರು. ಆ ನರ್ಸ್ ಹುಡುಗಿ ನನಗ ಕೇಳಿತು."

"ನೀವೇನಂದ್ರಿ?"

"ಏನಂತೀನಿ? ಲಿಂಗದ ಕೈ ಕಡೀ ಕಾಲು ಅಂದೆ."

ನಾನು ಅಲ್ಲೇ ಒಲೆಯ ಮುಂದೆ ಕೂತುಬಿಟ್ಟೆ. ನಮ್ಮ ಮನೆಯಲ್ಲಿ ಪೂಜೆಗೆ ಕೂತರೆ ಇಷ್ಟಲಿಂಗ ಇರುವುದು ಎಡ ಅಂಗೈಯಲ್ಲಿ. ಬಲಗೈ ಅದಕ್ಕೆ ನೀರು, ವಿಭೂತಿ, ಪತ್ರಿ ಕೊಡುವ ಆಳು. ಲಿಂಗ ಕೂಡುವ ಕೈಗೆ ಎಡ ಎಂದು ಬರೀ ಹೆಸರಿಟ್ಟು ಕರೆಯುವುದು ಅತ್ತೆಗೆ ಮರ್ಯಾದೆ ಎನಿಸುವುದಿಲ್ಲ. ಅವರ ಮಾತಿನಲ್ಲಿ ಎಡ ಎನ್ನುವುದೇ ಇಲ್ಲ. ಎಡಗಿವಿಯೂ ಲಿಂಗದ ಕೈ ಕಡೆಯ ಕಿವಿಯೇ. ಮರಾಠಿ ಮನೆಯ ಆ ನರ್ಸ್ ಹುಡುಗಿಯದೂ ತಪ್ಪಿಲ್ಲ. ದೇವರನ್ನು ಮುಟ್ಟುವ ಕೈ ಎಂದರೆ ಬಲಗೈಯೇ ಎಂದು ಅವಳಿಗೆ ಮನೆಯಲ್ಲಿ ಕಲಿಸಿರುತ್ತಾರೆ. ಬಲಕ್ಕೆ ಮರಾಠಿಯಲ್ಲಿ ಹೇಳುವಂತೆ "ಉಜವಾ" ಎಂದಳಂತೆ. ಬಲ ಎಂದು ಡಾಕ್ಟರು ಬರೆದರಂತೆ.

ದವಾಖಾನೆಗೆ ಭಾನುವಾರ ರಜೆ. ಫೋನು ಯಾರೂ ಎತ್ತಲಿಲ್ಲ. ಯಜಮಾನರಿಗೆ ಹೇಳಿದೆ.

"ಡಾಕ್ಟರ್ ಬರದದ್ದು ತಪ್ಪು ಅಂತ ಅಲ್ಲಿ ಹೋಗಿ ಹೇಳ್ತೀ ಏನ?" ಎಂದರು.

"ತಪ್ಪು ಅನ್ನಲ್ಲರೀ. ಕೇಳ್ತೀನಿ."

ಅತ್ತೆಗೆ ಅದೂ ಹಿಡಿಸಲಿಲ್ಲ. "ಅಷ್ಟು ಓದಿದವರು ಬರೆದಾರ. ನಾವು ನಡುವ ಬಾಯಿ ಹಾಕಬಾರದು. ಅಲ್ಲಿ ಯಾವ ಕಾಲ ತೋರ್ಸು ಅಂತಾರ ಅದನ್ನ ತೋರಸ್ತೀನಿ," ಎಂದು ಖಡಾಖಂಡಿತವಾಗಿ ಹೇಳಿದರು. ನನಗೆ ದಿಗಿಲಾಗಿದ್ದು ಆಗಲೇ. ಅವರು ಹೇಳಿದಂತೆಯೇ ಮಾಡುವವರು.

ಆ ಸಂಜೆ ಒಂದು ಬಿಳಿ ಹಾಳೆ ತೆಗೆದು, ಸಿಸ್ಟರ್ ಕಲಿಸಿದ ಕೂಡುಬರಹದಲ್ಲಿ ಇಂಗ್ಲಿಷಿನಲ್ಲಿ ಮೂರು ಸಾಲು ಬರೆದೆ. ಚೀಟಿಯಲ್ಲಿ ಬಲಗಾಲು ಎಂದಿದೆ. ಕೆಂಪು, ಬಿಸಿ, ಗಟ್ಟಿ ನಾಳ ಕಾಣುತ್ತಿರುವುದು ಎಡ ಮೀನಖಂಡದಲ್ಲಿ. ದಯವಿಟ್ಟು ಸ್ಪಷ್ಟಪಡಿಸಿ.

ಸೋಮವಾರ ಯಜಮಾನರು ತಾವು ಕಲಿಸುವ ಉಮರ್ಗಾದ ಶಾಲೆಗೆ ಹೋಗಲೇಬೇಕಿತ್ತು, ಪರೀಕ್ಷೆ ನಡೆದಿತ್ತು. ನಾನೂ ಅತ್ತೆಯೂ ಮುಂಜಾನೆಯ ಬಸ್ಸಿಗೆ ಉದಗೀರಿಗೆ ಹೊರಟೆವು. ಅತ್ತೆ ಇಳಕಲ್ ಸೀರೆ ಉಟ್ಟಿದ್ದರು, ಹೊಸ ಕುಪ್ಪಸ ತೊಟ್ಟಿದ್ದರು. ಕಾಲು ನೋಯುತ್ತಿದ್ದರೂ ವಲಾಂಡಿ ಬಂದಾಗ ಕಿಟಕಿಯಿಂದ ಬಗ್ಗಿ, ನಮ್ಮ ಹೊಲದ ತೊಗರಿ ಯಾರ ಹೊಲಕ್ಕಿಂತ ಎತ್ತರ ಇದೆ ಎಂದು ನೋಡಿಕೊಂಡರು.

ಸೊನೋಗ್ರಫಿ ಕೇಂದ್ರದ ಕೌಂಟರಿನಲ್ಲಿದ್ದ ಹೆಂಗಸು ನನ್ನ ಹಾಳೆಯನ್ನು ಓದದೇ ಫೈಲಿನ ಕೆಳಗೆ ಸಿಕ್ಕಿಸಿದಳು.

"ಅದನ್ನ ಡಾಕ್ಟರ್‌ಗೆ ಮೊದಲ ತೋರಿಸಬೇಕಿತ್ತರೀ," ಎಂದೆ.

"ಅಕ್ಕಾರ, ನೀವೇನು ಡಾಕ್ಟರ್ ಏನ್ರೀ?"

"ಅಲ್ಲರೀ. ಕೋಡರ್."

ಅವಳು ನನ್ನನ್ನು ಮೇಲಿಂದ ಕೆಳಗೆ ನೋಡಿ, ಮುಂದಿನವರ ಹೆಸರು ಕೂಗಿದಳು.

ಒಳಗೆ ಅತ್ತೆಯನ್ನು ಮಾತ್ರ ಬಿಟ್ಟರು. ನಾನು ಬಾಗಿಲ ಹೊರಗೆ ನಿಂತೆ. ಅರ್ಧ ತೆರೆದ ಬಾಗಿಲು, ಹಸಿರು ಪರದೆ. ಒಳಗಿನಿಂದ ಮಾತು ಕೇಳಿಸಿತು. "ಆಜಿ, ಬಲಗಾಲ ಸೀರಿ ಮ್ಯಾಲ ಮಾಡ್ರಿ." ಬಳೆಗಳ ಸದ್ದು ಬಂತು. ಅತ್ತೆ ತಮ್ಮ ಒಳ್ಳೆಯ ಕಾಲನ್ನು ತೋರಿಸುತ್ತಿದ್ದರು.

ಯಾರ ಕೋಣೆಗೂ ಕೇಳದೇ ಕಾಲಿಟ್ಟವಳಲ್ಲ ನಾನು. ಆಗಲೂ ಇಡಲಿಲ್ಲ. ಬಾಗಿಲು ತಟ್ಟಿ, ಎಂಟನೇ ತರಗತಿಯ ಹುಡುಗಿಯ ಹಾಗೆ ಬೆನ್ನು ನೆಟ್ಟಗೆ ಮಾಡಿ, "ಮೇ ಐ ಕಮ್ ಇನ್, ಡಾಕ್ಟರ್?" ಎಂದೆ. ದನಿ ಜೋರಾಗಿಯೇ ಇತ್ತು.

ಡಾಕ್ಟರು ಕನ್ನಡಕದ, ನನ್ನದೇ ವಯಸ್ಸಿನ ಹೆಣ್ಣುಮಗಳು. ಫೈಲಿನ ಕೆಳಗೊಂದು ಹಾಳೆ ಇದೆ, ಒಮ್ಮೆ ನೋಡಬೇಕು ಎಂದೆ. ಅವರು ನೋಡಿದರು. ನನ್ನನ್ನು ನೋಡಿದರು. ಆಮೇಲೆ ಅತ್ತೆಯ ಎಡಗಾಲಿನ ಸೀರೆಯನ್ನು ತಾವೇ ಮೇಲೆ ಸರಿಸಿದರು.

"ಅಯ್ಯ ಆಜಿ! ಇಷ್ಟು ಕೆಂಪಾಗಿದ್ದದ್ದು ಈ ಕಾಲ ಇದ್ರ, ಆ ಕಾಲ ಯಾಕ್ರೀ ತೋರಿಸ್ಲತ್ತೀರಿ?"

"ನೀವು ಅದನ್ನ ಕೇಳಿದ್ರಲ್ಲರೀ," ಎಂದರು ಅತ್ತೆ.

ಡಾಕ್ಟರು ನಕ್ಕುಬಿಟ್ಟರು. ಬಲಗಾಲಿನಲ್ಲಿ ಏನೂ ಇರಲಿಲ್ಲ. ಎಡಗಾಲಿನಲ್ಲಿ ಯಂತ್ರದ ಹಿಡಿಕೆ ಹಿಡಿದ ಅವರ ಕೈ ತೊಡೆಯವರೆಗೆ ಏರಿತು, ಅಲ್ಲಿ ನಿಂತಿತು, ನಗು ಹೋಯಿತು. ಹೆಪ್ಪು ದೊಡ್ಡ ನಾಳ ಕೂಡುವ ಜಾಗಕ್ಕೆ ಬಹಳ ಹತ್ತಿರ ಬಂದಿದೆ, ಇನ್ನೂ ಒಳಗೆ ಹೋಗಿಲ್ಲ ಎಂದರು. ಅಲ್ಲಿಂದಲೇ ನಿಲಂಗಾದ ಡಾಕ್ಟರಿಗೆ ಫೋನು ಮಾಡಿದರು. ರಕ್ತ ತೆಳುವಾಗಿಸುವ ಔಷಧ ಅವತ್ತೇ ಶುರುವಾಯಿತು. ಹೊರಡುವಾಗ ಡಾಕ್ಟರು ನನ್ನ ಹಾಳೆಯನ್ನು ವರದಿಯ ಜೊತೆಗೇ ಹಚ್ಚಿದರು. "ಇದು ಇರಲಿ. ಬಲಗಾಲಷ್ಟೇ ನೋಡಿದ್ರ ನಾ ಏನೂ ಇಲ್ಲ ಅಂತ ಬರದು ಕಳಸ್ತಿದ್ದೆ."

ನಿಲಂಗಾದ ಡಾಕ್ಟರು ಸಂಜೆ ಚೀಟಿಯಲ್ಲಿದ್ದ ತಮ್ಮ ಸಾಲಿಗೆ ಗೆರೆ ಎಳೆದು, ಎಡಗಾಲು ಎಂದು ಬರೆದು, ಪಕ್ಕದಲ್ಲಿ ಸಹಿ ಹಾಕಿದರು. ನೇರವಾದ ಒಂದು ಗೆರೆ, ಸ್ಪಷ್ಟ ಸಹಿ. ತಿದ್ದುವ ಸರಿಯಾದ ರೀತಿಯೂ ಅದೇ. ಗರ್ವ ಪಡಬಾರದೆಂದು ಸಿಸ್ಟರ್ ಎಷ್ಟೋ ಸಲ ಹೇಳಿದ್ದರು. ಆ ಒಂದು ಪಾಠವನ್ನು ಮಾತ್ರ ನಾನು ಆ ಸಂಜೆ ಪಕ್ಕಕ್ಕಿಟ್ಟೆ.

ಮನೆಗೆ ಬರುವ ದಾರಿಯಲ್ಲಿ ಅತ್ತೆ ಗೆರೆ ಎಳೆದ ಆ ಚೀಟಿಯನ್ನು ಬಿಡಿಸಿ ನೋಡಿದರು. ಆಮೇಲೆ ಕೇಳಿದರು.

"ನನ್ನ ಬ್ಯಾನಿಗೂ ಅಂಕಿ ಅದ ಏನ?"

"ಅದರೀ. ಐ ಎಂಬತ್ತು, ಚುಕ್ಕಿ, ಸೊನ್ನಿ, ಎರಡು."

"ಕಡೀದು ಎರಡು ಯಾಕ?"

"ಅದು ಲಿಂಗದ ಕೈ ಕಡೀ ಕಾಲು ಅಂತ."

ಅವರು ತಲೆಯಾಡಿಸಿದರು, ಇಷ್ಟು ಗೊತ್ತಿದ್ದವರು ಯಾರೋ ಆ ದೂರ ದೇಶದಲ್ಲಿಯೂ ಇದ್ದಾರಲ್ಲ ಎಂಬಂತೆ. ವಾರದೊಳಗೆ ಅವರಿಗೆ ಆ ಸಂಕೇತ ಬಾಯಿಪಾಠವಾಯಿತು. ವಲಾಂಡಿಯಿಂದ ನೋಡಲು ಬಂದವರಿಗೆಲ್ಲ ಮೊದಲು ಕಾಲು ತೋರಿಸಿ, ಆಮೇಲೆ ಅಂಕಿ ಹೇಳಿ, ಕೊನೆಗೆ ನನ್ನ ಕಡೆ ಕೈ ತೋರಿಸುತ್ತಿದ್ದರು.

ತಿಂಗಳುಗಳು ಕಳೆದು ಕೆಂಪು ಇಳಿದಿದೆ, ಎಳೆ ಮೆತ್ತಗಾಗಿದೆ. ಅತ್ತೆ ಮತ್ತೆ ಒಲೆಯ ಮುಂದೆ ಕೂಡುತ್ತಾರೆ. ಮೊನ್ನೆ ನಾನು ಒಳಗೆ ಕೆಲಸಕ್ಕೆ ಕೂತಿದ್ದಾಗ ಪಕ್ಕದ ಮನೆಯಾಕೆ ಮೊಸರಿಗೆ ಹೆಪ್ಪು ಕೇಳಲು ಬಂದು ಜೋರಾಗಿ ನನ್ನನ್ನು ಕರೆದಳು. ಹಿತ್ತಲಿನಿಂದ ಅತ್ತೆಯ ದನಿ ಬಂತು.

"ಸಾವಕಾಶ ಮಾತಾಡವ್ವ. ನಮ್ಮ ಸೊಸಿ ಯಾರದೋ ಕಾಲ ನೋಡ್ಲತ್ತಾಳ."