ಪಾಲಕ್ ಸಲಾಡಿನಲ್ಲಿ ಹಂದಿ ಇರಲಿಲ್ಲ

ಗೆಳೆಯರೇ, ಇವತ್ತು ನಾನು ಮಾಡದ ತಪ್ಪಿಗೆ ನಮ್ಮ ಅಡುಗೆಮನೆ ಮೈಲಿಗೆಯಾಯಿತು.

ಅಸ್ಸಿ ಘಾಟಿನ ಬಳಿ ಪುರೋಹಿತರಾದ ನಮ್ಮ ಮನೆಯ ಮಹಡಿಯಲ್ಲಿ ಕ್ಲಾರಾ ಎಂಬ ವಿದೇಶಿ ಹುಡುಗಿ ಬಾಡಿಗೆಗಿದ್ದಳು. ವಾರವಿಡೀ ಜ್ವರದಲ್ಲಿ ಮಲಗಿದ್ದವಳು ಬೆಳಿಗ್ಗೆ ಎದ್ದು, "ದೀದಿ, ನಮ್ಮಮ್ಮ ಮಾಡುವ ಸಲಾಡ್ ತಿನ್ನಬೇಕು" ಎಂದು ಹರುಕು ಹಿಂದಿಯಲ್ಲಿ ಹೇಳಿ ಚೀಟಿ ಕೊಟ್ಟಳು. ಪಾಲಕ್, ರಾಜ್ಮಾ, ಅಕ್ರೋಟು, ಬೇಕನ್. ಬೇಕನ್ ಎಂದರೆ ಹಂದಿಮಾಂಸ, ಅದು ನಮ್ಮ ಮನೆಯೊಳಗೆ ಬರುವಂತಿಲ್ಲ. ಅದರ ಬದಲು ಕೊಬ್ಬರಿ ಚೂರುಗಳನ್ನು ಕೆಂಪಗೆ ಹುರಿದು ಹಾಕಿದೆ.

ಅಷ್ಟರಲ್ಲಿ ನನ್ನ ಮಗಳು ಚೀಟಿ ಓದಿ ಕೂಗಿದಳು: "ಅಜ್ಜೀ, ಬೇಕನ್ ಮತ್‌ಲಬ್ ಸೂವರ್ ಕಾ ಮಾಂಸ್!"

ಅತ್ತೆ ಜಪ ಬಿಟ್ಟು ಓಡಿಬಂದರು.

"ಅದು ಕೊಬ್ಬರಿ ಅತ್ತೆ. ಬೇಕಾದ್ರೆ ತಿಂದು ನೋಡಿ" ಎಂದೆ.

"ನಂಗೂ ತಿನ್ನಿಸ್ತೀಯೇನೇ?" ಎಂದು ಗೊಳೋ ಎಂದು ಅತ್ತುಬಿಟ್ಟರು.

ಗಲಾಟೆ ಕೇಳಿ ಇಳಿದುಬಂದ ಕ್ಲಾರಾ, ತನ್ನಿಂದಲೇ ಇಷ್ಟೆಲ್ಲ ಆಯಿತೆಂದು ತಿಳಿದು, ಒಂದು ತುತ್ತೂ ತಿನ್ನದೆ ಚೀಲ ಕಟ್ಟಿಕೊಂಡು ಕಂಟೋನ್ಮೆಂಟಿನ ಹೋಟೆಲುಗಳ ಕಡೆಗೆ ಆಟೋ ಹತ್ತಿದಳು.

ಕೊನೆಗೆ ಸಲಾಡನ್ನು ಗಲ್ಲಿಯ ಹಸುವಿನ ಮುಂದೆ ಸುರಿದೆ. ಅದು ಪಾಲಕ್ ತಿಂದಿತು, ರಾಜ್ಮಾ ತಿಂದಿತು, ಅಕ್ರೋಟನ್ನೂ ಬಿಡಲಿಲ್ಲ. ಕೊಬ್ಬರಿಯನ್ನು ಮಾತ್ರ ಮೂಸಿ, ಹಾಗೇ ಬಿಟ್ಟು ಹೋಯಿತು.

"ನೋಡಿದ್ಯಾ?" ಎಂದರು ಅತ್ತೆ.

ಗೋಮಾತೆಯೇ ಸಾಕ್ಷಿ ಹೇಳಿದ ಮೇಲೆ ನನ್ನ ಮಾತನ್ನು ಇನ್ನಾರು ನಂಬುತ್ತಾರೆ?