ದೀಪ ಕಣ್ಣು ಹೊಡೆದರೆ ಕಣ್ಣಕ್ಕ ಹೊರಟರು

ಇನ್ನೂ ಬೆಳಕು ಹರಿದಿಲ್ಲ. ಊರಾಚೆಯ ರಸ್ತೆಯ ಬದಿಯಲ್ಲಿ ಸ್ಕೂಟರ್ ನಿಲ್ಲಿಸಿಕೊಂಡು, ಹೆಲ್ಮೆಟ್ಟನ್ನೂ ತೆಗೆಯದೆ, ಒಬ್ಬ ಹೆಂಗಸು ಕತ್ತು ಹಿಂದಕ್ಕೆ ಬಾಗಿಸಿ ತಲೆಯ ಮೇಲಿನ ವಿದ್ಯುತ್ ತಂತಿಯನ್ನು ದಿಟ್ಟಿಸುತ್ತಿದ್ದಾರೆ. ರಾತ್ರಿಯಿಡೀ ಬೀಸಿದ ಗಾಳಿ ಈಗಷ್ಟೇ ಸುಸ್ತಾಗಿದೆ. ತಂತಿಯನ್ನು ಕಚ್ಚಿಕೊಂಡು ಚೆಂಬಿನ ಗಾತ್ರದ ಒಂದು ದೀಪ ನೇತಾಡುತ್ತಿದೆ. ಅದು ಒಮ್ಮೆ ಕೆಂಪಗೆ ಮಿನುಗುತ್ತದೆ, ಆರುತ್ತದೆ, ಮತ್ತೆ ಮಿನುಗುತ್ತದೆ. ಹೆಂಗಸಿನ ಮುಖ ಅರಳುತ್ತದೆ. ಜೇಬಿನಿಂದ ಫೋನ್ ತೆಗೆದು ಅವರು ಹೇಳುವ ಮಾತು ದಾರಿಹೋಕರ ಕಿವಿಗೆ ಬಿದ್ದರೆ ಕಥೆ ಬೇರೆಯೇ ಆದೀತು: “ನಾಲ್ಕನೆಯವ್ನೂ ಕಣ್ಣು ಹೊಡೆದ. ಐದನೆಯವ್ನ ಹತ್ರ ಹೋಗ್ತಾ ಇದೀನಿ.”

ಇವರು ಕಣ್ಣಕ್ಕ. ಹೆತ್ತವರು ಇಟ್ಟ ಹೆಸರು ಬೇರೆಯೇ ಇದೆ. ಆದರೆ ವಿದ್ಯುತ್ ಕಚೇರಿಯಲ್ಲಿ ಆ ಹೆಸರು ಹಿಡಿದು ಕೂಗಿದರೆ ಅವರೇ ತಿರುಗಿ ನೋಡುವುದಿಲ್ಲ. ಕರೆಂಟು ಹೋದಾಗ ನಾವೆಲ್ಲ ಕಿಟಕಿಯಿಂದ ಇಣುಕಿ, ಸದ್ಯ ಎದುರು ಮನೆಯಲ್ಲೂ ಹೋಗಿದೆ ಎಂದು ಸಮಾಧಾನಪಟ್ಟು ಕೂರುತ್ತೇವಲ್ಲ, ಆ ಹೊತ್ತಿಗೆ ಸ್ಕೂಟರ್ ಹತ್ತಿ ಹೊರಡುವವರು ಇವರು. ಲೈನ್ ಎಲ್ಲಿ ಕೆಟ್ಟಿದೆ ಎಂದು ಹುಡುಕಿ ಹೇಳುವುದು ಇವರ ಕೆಲಸ.

ವಿದ್ಯುತ್ ಸ್ಟೇಷನ್ನಿನಿಂದ ಹೊರಟು ಆಸ್ಪತ್ರೆ, ನೀರಿನ ಪಂಪು, ಇಟ್ಟಿಗೆ ಗೂಡುಗಳನ್ನು ದಾಟಿ ಕಲ್ಲು ಕ್ವಾರಿಯವರೆಗೆ ಹೋಗುವ ಈ ಲೈನಿನಲ್ಲಿ ಇಂಥ ಹದಿನಾಲ್ಕು ದೀಪಗಳಿವೆ. ಎಲ್ಲಾದರೂ ತಂತಿ ಕೆಟ್ಟು ಕರೆಂಟು ಅಡ್ಡದಾರಿ ಹಿಡಿದರೆ, ಅದು ಯಾವ ಯಾವ ದೀಪವನ್ನು ಹಾದು ನುಗ್ಗಿತೋ ಆ ದೀಪಗಳೆಲ್ಲ ಮಿನುಗತೊಡಗುತ್ತವೆ. ಅದರಾಚೆಯವು ಸುಮ್ಮನಿರುತ್ತವೆ. ಇದನ್ನು ಕಣ್ಣಕ್ಕ ವಿವರಿಸುವ ಬಗೆ ಇನ್ನೂ ಸಲೀಸು: “ಕಳ್ಳ ಒಂದು ಬೀದೀಲಿ ಓಡಿದ ಅಂತಿಟ್ಕೊಳ್ಳಿ. ನಾಲ್ಕನೇ ಮನೆಯವ್ರು ಕಂಡ್ವಿ ಅಂತಾರೆ, ಐದನೇ ಮನೆಯವ್ರು ಕಾಣ್ಲಿಲ್ಲ ಅಂತಾರೆ. ಅಂದ್ಮೇಲೆ ಕಳ್ಳ ಎಲ್ಲಿ ಅಡಗಿದಾನೆ? ಇಬ್ರ ನಡುವೆ. ನನ್ ಕೆಲ್ಸ ಇಷ್ಟೇ, ಮನೆ ಮನೆಗೂ ಹೋಗಿ ವಿಚಾರಿಸೋದು.”

ಈ ವಿಚಾರಣೆಗೆ ಗಡುವು ಉಂಟು. ನಾಲ್ಕು ಗಂಟೆ ಮಿನುಗಿದ ಮೇಲೆ ದೀಪಗಳು ತಾವಾಗಿಯೇ ಆರಿಬಿಡುತ್ತವೆ. ಬಿಸಿಲೇರಿದರಂತೂ ಕಣ್ಣು ಕಿರಿದು ಮಾಡಿ ನೋಡಿದರೂ ಮಿನುಗು ಕಾಣುವುದಿಲ್ಲ. ಹಾಗಾಗಿ ನಸುಕಿನಲ್ಲಿ ಲೈನ್ ಬಿದ್ದರೆ, ಅಂದರೆ ಕರೆಂಟು ನಿಂತುಹೋದರೆ, ಕಣ್ಣಕ್ಕನಿಗೆ ಒಳಗೊಳಗೇ ಖುಷಿ. ಊರಿಗೆ ಕರೆಂಟಿಲ್ಲದಾಗ ಖುಷಿಪಡುವುದು ತಪ್ಪಲ್ಲವೇ ಎಂದರೆ, ಕದ್ದು ಬೆಲ್ಲ ತಿಂದ ಮಗುವಿನಂತೆ ನಗುತ್ತಾರೆ.

ಐದನೆಯ ದೀಪ ಇಟ್ಟಿಗೆ ಗೂಡಿನ ಎದುರಿಗಿದೆ. ಅದು ಕತ್ತಲಾಗಿದೆ. ಕಣ್ಣಕ್ಕ ಉಸಿರು ಬಿಗಿಹಿಡಿದು ನೋಡುತ್ತಾರೆ; ಮಿನುಗಿಲ್ಲ. ಅಲ್ಲಿಗೆ ಲೆಕ್ಕ ಸರಿಹೋಯಿತು, ಕಳ್ಳ ನಾಲ್ಕಕ್ಕೂ ಐದಕ್ಕೂ ನಡುವೆ ಸಿಕ್ಕಿಬಿದ್ದ. ಅವರು ಲೈನ್‌ಮನ್‌ಗೆ ಜಾಗ ತಿಳಿಸುತ್ತಾರೆ. ಆ ಲೈನ್‌ಮನ್ ಬೇರೆ ಯಾರೂ ಅಲ್ಲ, ಅವರ ಮೈದುನ. ಏಣಿ, ಹಗ್ಗ, ಇಬ್ಬರು ಜೊತೆಗಾರರೊಂದಿಗೆ ಅವನು ಜೀಪಿನಲ್ಲಿ ಬರುವಷ್ಟರಲ್ಲಿ ಕಣ್ಣಕ್ಕನ ಹಿಂದಿನ ಕಥೆಯನ್ನು ಹೇಳಿಬಿಡಬಹುದು.

ದೀಪಗಳು ಬರುವ ಮೊದಲು ಕಣ್ಣಕ್ಕ ಇದೇ ಲೈನಿನ ಕೆಳಗೆ ನಡೆಯುತ್ತಿದ್ದರು. ಮೇಲೆ ನೋಡುತ್ತಾ, ಕಂಬದಿಂದ ಕಂಬಕ್ಕೆ, ಕೆಟ್ಟ ಜಾಗ ಕಣ್ಣಿಗೆ ಬೀಳುವವರೆಗೆ. ಮೇಲೆ ನೋಡುತ್ತಾ ನಡೆದು ಎಷ್ಟು ಸಲ ಚರಂಡಿಗೆ ಕಾಲಿಟ್ಟರೋ ಅವರಿಗೇ ನೆನಪಿಲ್ಲ. ಆ ಕೆಲಸಕ್ಕೆ ಬೇರೆ ಯಾರೂ ಅರ್ಜಿ ಹಾಕಿರಲಿಲ್ಲ. ಆಕಾಶ ನೋಡೋಕೆ ನೂಕುನುಗ್ಗಲಾ ಎಂದು ಅವರೇ ನಗುತ್ತಾರೆ. ಸಂಜೆ ಮನೆಗೆ ಬಂದರೆ ಅತ್ತೆ ಕತ್ತಿಗೆ ಎಣ್ಣೆ ತಿಕ್ಕುತ್ತಿದ್ದರು. ತಿಕ್ಕುತ್ತಾ, ತಲೆ ತಗ್ಗಿಸಿ ನಡೆಯುವ ಸೊಸೆ ಬೇಕೆಂದು ಹುಡುಕಿದ್ದೆ, ನೋಡಿದರೆ ಇಂಥವಳು ಸಿಕ್ಕಳು ಎಂದು ಹಂಗಿಸುತ್ತಿದ್ದರು.

ನಡೆದು ಹುಡುಕುವುದಕ್ಕೆ ಅರ್ಧ ದಿನ ಹಿಡಿಯುತ್ತಿತ್ತು. ಅಷ್ಟು ತಾಳ್ಮೆ ಸ್ಟೇಷನ್ನಿನ ಆಪರೇಟರಿಗೆ ಎಲ್ಲಿಂದ ಬರಬೇಕು? ಅವರ ಮೇಜಿನ ಮೇಲಿನ ಫೋನು ಒಂದೇ ಸಮನೆ ಅರಚುತ್ತಿರುತ್ತದೆ. ಆಸ್ಪತ್ರೆಯವರು, ನೀರಿನವರು, ಕ್ವಾರಿಯವರು ಎಲ್ಲರಿಗೂ ಈಗಿಂದೀಗಲೇ ಕರೆಂಟು ಬೇಕು. ಆಪರೇಟರು ಹಳೆಯ ಕಾಲದಿಂದ ಬಂದ ಒಂದೇ ಮಂತ್ರವನ್ನು ನೆಚ್ಚಿಕೊಂಡಿದ್ದರು: ಹಾಕಿ ನೋಡು. ಲೈನಿನ ಉದ್ದಕ್ಕೂ ಆಳುಗಳನ್ನು ನಿಲ್ಲಿಸುವುದು, ಸ್ವಿಚ್ಚು ಹಾಕುವುದು, ಎಲ್ಲಿ ಕಿಡಿ ಹಾರಿತೋ ಅಲ್ಲೇ ತೊಂದರೆ. ಕಚೇರಿಯಲ್ಲಿ ಅವರ ಅಡ್ಡಹೆಸರೇ ಹಾಕ್ನೋಡಪ್ಪ. ದೀಪವಿಲ್ಲದ ಕಾಲದಲ್ಲಿ ಅವರಿಗೂ ಬೇರೆ ದಾರಿ ಇರಲಿಲ್ಲ ಎಂಬುದನ್ನು ಕಣ್ಣಕ್ಕ ಮರೆಯದೆ ಹೇಳುತ್ತಾರೆ.

ಒಂದು ದಿನ ಹಾಗೆ ಕಿಡಿ ಕಾಯುತ್ತಾ ನಿಂತಿದ್ದವನು ಮೈದುನ. ಅವನ ಎದುರಿನ ಕಂಬದಲ್ಲೇ ತಂತಿ ಹೊತ್ತ ಪಿಂಗಾಣಿ ಸಿಡಿದು, ಅದರ ಚೂರು ಅವನ ಭುಜಕ್ಕೆ ಹೊಕ್ಕಿತು. ಗಾಯ ವಾಸಿಯಾಯಿತು, ಅವನು ಮತ್ತೆ ಕಂಬ ಹತ್ತಿದ. ಆದರೆ ಕಣ್ಣಕ್ಕನಿಗೆ ಆ ಮಂತ್ರ ಕೇಳಿದರೆ ಇಂದಿಗೂ ಮೈ ಜುಮ್ಮೆನ್ನುತ್ತದೆ. “ಹಾಕಿ ನೋಡೋಣ ಅಂತ ಹೇಳೋರು ಸ್ಟೇಷನ್ನಲ್ಲಿ ಇರ್ತಾರೆ. ನೋಡೋನು ಕಂಬದ ಹತ್ರ ಇರ್ತಾನೆ. ಅವ್ನು ನನ್ ಮೈದುನ.”

ಆದ್ದರಿಂದಲೇ ಇಂಜಿನಿಯರ್ ಮೇಡಂ ಹೊಸ ದೀಪಗಳ ಪೆಟ್ಟಿಗೆ ತರಿಸಿ, ಯಾರು ನೋಡಿಕೊಳ್ಳುತ್ತೀರಿ ಎಂದು ಕೇಳಿದಾಗ ಮುಂದೆ ಬಂದವರು ಕಣ್ಣಕ್ಕ ಒಬ್ಬರೇ. ಉಳಿದವರು ಅದನ್ನು ಮಕ್ಕಳ ಆಟಿಕೆ ಎಂದರು. ಮೈದುನ ಕಂಬದ ಮೇಲೆ, ಅತ್ತಿಗೆ ಕೆಳಗೆ, ಹೀಗೆ ಒಂದೊಂದೇ ದೀಪ ತಂತಿ ಹಿಡಿಯಿತು. ಮೊದಲನೇ ಸಲ ಲೈನ್ ಬಿದ್ದಾಗ ಜೀಪು ಕೈಕೊಟ್ಟು ಹೋಗುವುದು ತಡವಾಯಿತು. ಅಷ್ಟರಲ್ಲಿ ದೀಪಗಳು ಆರಿಹೋಗಿದ್ದವು. ದೀಪ ಕೆಲಸವನ್ನೇ ಮಾಡಲಿಲ್ಲ ಎಂದು ಸುದ್ದಿಯಾಯಿತು. ಮೇಡಂ ಮೇಲಿನವರಿಗೆ ಉತ್ತರ ಹೇಳಬೇಕಲ್ಲ, ಅವರು ಬೇಸರದಿಂದಲೇ ಒಂದು ಮಾತು ಹೇಳಿದರು: ಗಾಳಿಗಾಲ ಮುಗಿಯುವುದರೊಳಗೆ ದೀಪ ಇನ್ನೊಮ್ಮೆ ಸುಳ್ಳು ಹೇಳಿದರೆ ಹದಿನಾಲ್ಕನ್ನೂ ಇಳಿಸಬೇಕಾಗುತ್ತದೆ. ಇಳಿಸಿದರೆ ಉಳಿಯುವುದು ಮತ್ತೆ ಅದೇ ಮಂತ್ರ. ಕಣ್ಣಕ್ಕ ತಮ್ಮ ಸ್ವಂತ ಸ್ಕೂಟರಿನಲ್ಲಿ ಹೊರಡಲು ಶುರು ಮಾಡಿದ್ದು ಆಗ.

ಮನೆಯಲ್ಲಿ ಇನ್ನೊಂದು ಪರೀಕ್ಷೆ ಕಾದಿತ್ತು. ಹೊಸತರಲ್ಲಿ ಒಂದು ಮುಂಜಾವು ಅತ್ತೆ ಎದ್ದು ಬಂದರೆ ಸೊಸೆ ಬಾಗಿಲಲ್ಲಿ ನಿಂತು ಫೋನಿನಲ್ಲಿ ಪಿಸುಗುಡುತ್ತಿದ್ದಾರೆ: ಮೂರನೆಯವನು ಕಣ್ಣು ಹೊಡೆದನಾ, ಸರಿ, ನಾನೇ ಹೋಗಿ ನೋಡ್ತೀನಿ. ಅತ್ತೆಯ ಎದೆ ಧಸಕ್ಕೆಂದಿತು. ಮಗನನ್ನು ಎಬ್ಬಿಸಿ, ನಿನ್ನ ಹೆಂಡತಿಗೆ ಒಬ್ಬನಲ್ಲ, ಮೂರು ಜನ ಎಂದುಬಿಟ್ಟರು. ಮಗ, ಅಂದರೆ ಕಣ್ಣಕ್ಕನ ಗಂಡ, ಬೇಕರಿಯಲ್ಲಿ ಒಲೆಯ ಮುಂದೆ ದುಡಿಯುವ ಸಾಧು ಮನುಷ್ಯ. ಅವರು ಅರೆನಿದ್ದೆಯಲ್ಲೇ ಹದಿನಾಲ್ಕು ಜನ ಅಮ್ಮಾ ಎಂದು ಮಗ್ಗುಲು ಬದಲಿಸಿದರು. ಕೊನೆಗೆ ಕಣ್ಣಕ್ಕ ಅತ್ತೆಯನ್ನು ಸ್ಕೂಟರಿನ ಹಿಂದೆ ಕೂರಿಸಿಕೊಂಡು ಹೋಗಿ ಮೂರನೆಯವನನ್ನು ತೋರಿಸಿದರು. ಅಂದಿನಿಂದ ಬೀದಿಯಲ್ಲಿ ಕರೆಂಟು ಹೋದರೆ ಸಾಕು, ನಮ್ಮ ಸೊಸೆಗೆ ಯಾವನೋ ಕಣ್ಣು ಹೊಡೆದ ಎಂದು ನೆರೆಹೊರೆಗೆ ಸಾರುವವರು ಅತ್ತೆಯೇ.

ಇಷ್ಟು ಹೇಳುವಷ್ಟರಲ್ಲಿ ಮೈದುನ ಬಂದು, ನಾಲ್ಕರಿಂದ ಐದರವರೆಗೆ ಪ್ರತಿ ಕಂಬವನ್ನೂ ನೋಡಿಯಾಗಿದೆ. ಏನೂ ಸಿಗುವುದಿಲ್ಲ. ತಂತಿ ನೆಟ್ಟಗಿದೆ, ಪಿಂಗಾಣಿ ಗಟ್ಟಿಯಾಗಿದೆ, ಒಂದು ಕೊಂಬೆಯೂ ತಾಗಿಲ್ಲ. ಕಣ್ಣಕ್ಕ ಅನುಮಾನದಿಂದ ಆರನೆಯ ದೀಪದ ಬಳಿಗೆ ಹೋಗುತ್ತಾರೆ. ಅದು ಕೆಂಪಗೆ ಮಿನುಗುತ್ತಿದೆ. ಐದನೆಯವನು ಕಾಣಲಿಲ್ಲ ಎನ್ನುತ್ತಾನೆ, ಅವನಾಚೆಯ ಆರನೆಯವನು ಕಂಡೆ ಎನ್ನುತ್ತಾನೆ. ಇಬ್ಬರಲ್ಲಿ ಒಬ್ಬ ಸುಳ್ಳ.

ಕಣ್ಣಕ್ಕನ ಮುಖ ಸಪ್ಪಗಾಗುತ್ತದೆ. ಆ ಹೊತ್ತಿಗೆ ಸರಿಯಾಗಿ ಸ್ಟೇಷನ್ನಿನಿಂದ ಫೋನು. ಆಸ್ಪತ್ರೆಯವರು ಜನರೇಟರಿನ ಎಣ್ಣೆ ಮುಗಿಯುತ್ತಿದೆ ಎನ್ನುತ್ತಿದ್ದಾರೆ, ದೀಪಗಳ ಸಹವಾಸ ಸಾಕು, ಹುಡುಗರನ್ನು ಕಂಬಗಳ ಹತ್ತಿರ ನಿಲ್ಲಿಸಿ, ಹಾಕಿ ನೋಡುತ್ತೇನೆ ಎನ್ನುತ್ತಾರೆ ಆಪರೇಟರು. ಮೈದುನ ಕಂಬದ ಕಡೆ ನಡೆಯುತ್ತಾನೆ. ಅವನ ಬೆನ್ನು ನೋಡಿ ಕಣ್ಣಕ್ಕನಿಗೆ ತಡೆಯಲಾಗುವುದಿಲ್ಲ.

“ಯಜಮಾನ್ರೇ, ಒಂದೇ ಒಂದು ಸಲ ಐದನೆಯವ್ನನ್ನ ನೋಡ್ಕೊಂಡು ಬರ್ತೀನಿ. ಆಮೇಲೆ ನಿಮ್ಮಿಷ್ಟ.”

ಆಪರೇಟರು ಗೊಣಗುತ್ತಾರೆ, ಆದರೆ ಬೇಡ ಎನ್ನುವುದಿಲ್ಲ.

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎನ್ನುತ್ತಾರಲ್ಲ. ಕಣ್ಣಕ್ಕ ಐದನೆಯ ದೀಪದ ಕೆಳಗೆ ಮತ್ತೆ ನಿಂತು ನೋಡುತ್ತಾರೆ. ಕತ್ತಲು. ರಸ್ತೆ ಬಿಟ್ಟು ಇಳಿದು, ಇಟ್ಟಿಗೆ ಗೂಡಿನ ಕೆಸರಿನಲ್ಲಿ ಚಪ್ಪಲಿ ಕಳೆದುಕೊಂಡು, ಒಣಗಲು ಇಟ್ಟ ಹಸಿ ಇಟ್ಟಿಗೆಗಳನ್ನು ಸುತ್ತಿ ಹಿಂದಿನ ಬದಿಗೆ ಹೋಗಿ ತಲೆಯೆತ್ತುತ್ತಾರೆ. ಕೆಂಪು ಮಿನುಗು! ಈ ದೀಪಕ್ಕೆ ಎರಡು ಬದಿಗೂ ಒಂದೊಂದು ಕಣ್ಣು. ಮೇಲಿನ ತಂತಿಯಲ್ಲಿ ದಿನಾ ಕೂರುವ ಯಾವುದೋ ಹಕ್ಕಿ, ರಸ್ತೆಯ ಕಡೆಯ ಕಣ್ಣಿನ ಮೇಲೆ ಹಿಕ್ಕೆ ಹಾಕಿ ಹಾಕಿ ಸುಣ್ಣ ಬಳಿದಂತೆ ಮುಚ್ಚಿಬಿಟ್ಟಿದೆ. ಕಣ್ಣಕ್ಕ ಕೆಸರಿನಲ್ಲಿ ನಿಂತುಕೊಂಡೇ ಹೊಟ್ಟೆ ಹಿಡಿದು ನಗುತ್ತಾರೆ. ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ ಎಂಬ ಗಾದೆಯನ್ನು ಹಕ್ಕಿಗೆ ಯಾರು ಕಲಿಸಿದರೋ ಎಂದು ಮೈದುನನಿಗೆ ಕೂಗಿ ಹೇಳುತ್ತಾರೆ.

ಈಗ ಲೆಕ್ಕ ನೀರಿನಷ್ಟು ತಿಳಿ. ಐದನೆಯವನೂ ಸತ್ಯವಂತ, ಆರನೆಯವನೂ ಸತ್ಯವಂತ. ಏಳನೆಯ ದೀಪವನ್ನು ಈ ಸಲ ಎರಡೂ ಬದಿಯಿಂದ ನೋಡುತ್ತಾರೆ. ಎರಡೂ ಕಣ್ಣು ಸ್ವಚ್ಛ, ಎರಡೂ ಕತ್ತಲು. ಆರು ಮತ್ತು ಏಳನೆಯ ದೀಪಗಳ ನಡುವಿನ ಒಂದು ಕಂಬದಲ್ಲಿ ಮೈದುನನಿಗೆ ಅದು ಸಿಗುತ್ತದೆ: ಪಿಂಗಾಣಿಯಲ್ಲಿ ಕೂದಲೆಳೆಯಂಥ ಬಿರುಕು, ಅದರ ಬುಡದಲ್ಲಿ ಸುಟ್ಟ ಕಪ್ಪು ಕಲೆ. ಆ ಕಂಬದ ಕೆಳಗೆ ಬಸ್ ನಿಲ್ದಾಣ. ಕಾರ್ಖಾನೆಗೆ ಹೊರಟ ಹೆಂಗಸರು, ಶಾಲೆಯ ಚೀಲ ಹೊತ್ತ ಮಕ್ಕಳು ಆಗಲೇ ಸಾಲಾಗಿ ನಿಂತಿದ್ದಾರೆ. ಹಾಕಿ ನೋಡಿದ್ದರೆ ಅದು ಇವರ ತಲೆಯ ಮೇಲೇ ಸಿಡಿಯುತ್ತಿತ್ತು. ಮೈದುನ ಕಂಬದ ಮೇಲಿನಿಂದಲೇ ಒಮ್ಮೆ ಕೆಳಗೆ ನೋಡಿ, ಎಲ್ಲರೂ ಸ್ವಲ್ಪ ಆಚೆ ಹೋಗಿ ಎಂದು ಕೈ ಬೀಸುತ್ತಾನೆ.

ಹೊಸ ಪಿಂಗಾಣಿ ಕೂರಿಸುವಷ್ಟರಲ್ಲಿ ಇಂಜಿನಿಯರ್ ಮೇಡಂ ಫೋನಿನಲ್ಲಿ ಸಿಗುತ್ತಾರೆ. ಹಕ್ಕಿಯ ತಪ್ಪಿಗೆ ದೀಪಕ್ಕೆ ಶಿಕ್ಷೆ ಕೊಡುವುದು ನ್ಯಾಯವಲ್ಲ, ದೀಪಗಳು ಅಲ್ಲೇ ಇರಲಿ, ಪಕ್ಕದ ಲೈನಿಗೂ ತರಿಸೋಣ ಎನ್ನುತ್ತಾರೆ. ಅವರ ದನಿಯಲ್ಲಿ ಸಂತೋಷ ಎದ್ದು ಕೇಳುತ್ತದೆ. ಕಣ್ಣಕ್ಕ ಕೇಳಿಕೊಳ್ಳುವುದು ಒಂದೇ: ದೀಪಗಳ ಕಣ್ಣು ತೊಳೆಯಲು ಉದ್ದನೆಯ ಕೋಲಿಗೆ ಕಟ್ಟಿದ ಒಂದು ಬ್ರಷ್ಷು. ಮಂಜೂರಾಗುತ್ತದೆ.

ಮೈದುನ ಕೆಳಗಿಳಿದು, ಕೆಲಸ ಮುಗಿಯಿತೆಂದು ಸ್ಟೇಷನ್ನಿಗೆ ತಿಳಿಸುತ್ತಾನೆ. ನಿಯಮದ ಪ್ರಕಾರ ಅಷ್ಟು ಸಾಕು. ಆಪರೇಟರು ಇನ್ನು ಯಾರನ್ನೂ ಕೇಳಬೇಕಿಲ್ಲ. ಜನ ತಲೆಯೆತ್ತಿ ಅಂಗಡಿಗಳ ದೀಪ ನೋಡುತ್ತಿದ್ದಾರೆ. ಕರೆಂಟು ಬರುವುದಿಲ್ಲ. ಬದಲಿಗೆ ಕಣ್ಣಕ್ಕನ ಫೋನು ಬಡಿದುಕೊಳ್ಳುತ್ತದೆ.

“ತಂಗೀ, ಎಲ್ರೂ ಕಂಬದಿಂದ ದೂರ ಇದಾರಾ? ನಿನ್ ಲೆಕ್ಕದಲ್ಲಿ ಎಲ್ಲಾ ಸರಿಯಾಯ್ತಾ?” ಆಪರೇಟರು ಒಂದು ಸಲ ಕೆಮ್ಮುತ್ತಾರೆ. “ಹಾಕ್ಲಾ?”

ಕಣ್ಣಕ್ಕ ಸುತ್ತ ತಿರುಗಿ ನೋಡುತ್ತಾರೆ. ಮೈದುನ ರಸ್ತೆಯಾಚೆ ಜೀಪಿನ ಮೇಲೆ ಏಣಿ ಕಟ್ಟುತ್ತಿದ್ದಾನೆ. ಬಸ್ಸಿಗೆ ಕಾದವರ ಸಾಲು ದೂರದಲ್ಲಿದೆ. ಎರಡನ್ನೂ ಕಣ್ಣಾರೆ ನೋಡಿಕೊಂಡು, ಹಾಕಿ ಯಜಮಾನ್ರೇ ಎನ್ನುತ್ತಾರೆ. ಬೀದಿಯ ಉದ್ದಕ್ಕೂ ದೀಪಗಳು ಹತ್ತಿಕೊಳ್ಳುತ್ತವೆ. ಈ ಸಲ ಲೈನ್ ಬೀಳದೆ ನಿಲ್ಲುತ್ತದೆ.

ಕೆಸರಾದ ಕಾಲನ್ನು ನಲ್ಲಿಯ ಕೆಳಗೆ ಹಿಡಿದುಕೊಂಡು ಕಣ್ಣಕ್ಕ ಬೆರಳ ಸಂದಿಯ ಮಣ್ಣು ತಿಕ್ಕಿ ತೊಳೆಯುತ್ತಾರೆ. ಇಂದು ಬೆಳಿಗ್ಗೆ ಎಲ್ಲಕ್ಕಿಂತ ಹೆಚ್ಚು ಖುಷಿ ಕೊಟ್ಟಿದ್ದು ಯಾವುದು ಎಂದು ಕೇಳಿದರೆ, ದೀಪಗಳು ಉಳಿದ ಸಂಗತಿಯನ್ನೂ ಬಿರುಕು ಸಿಕ್ಕ ಸಂಗತಿಯನ್ನೂ ಅವರು ಎತ್ತುವುದೇ ಇಲ್ಲ.

“ಕೆಲ್ಸಕ್ಕೆ ಸೇರಿದಾಗಿಂದ ಆ ಮನುಷ್ಯ ಹಾಕಿ ನೋಡೋದನ್ನೇ ಕಂಡಿದ್ದೆ. ಇವತ್ತು ಕೇಳಿ ಹಾಕಿದ್ರು.”