ಮರಕ್ಕೆ ಕಿವಿಗೊಟ್ಟ ಉಸ್ಮಾನಾಕ

ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟ ದೊಡ್ಡ ಆಳೊಬ್ಬರು ನಮ್ಮ ಅಂಗಳದ ತೆಂಗಿನ ಮರವನ್ನು ಎರಡೂ ಕೈಗಳಿಂದ ಅಪ್ಪಿಕೊಂಡು, ಕಾಂಡಕ್ಕೆ ಕಿವಿ ಒತ್ತಿ, ಕಣ್ಣು ಮುಚ್ಚಿ ನಿಂತಿದ್ದರು. ಅಡುಗೆಮನೆಯಲ್ಲಿ ಅಮ್ಮ ಮಿಕ್ಸಿ ಹಾಕಿದ್ದಳು. ಅವರು ಕಣ್ಣು ತೆರೆಯದೆಯೇ ಒಂದು ಕೈ ಎತ್ತಿ, "ಆ ಮಿಕ್ಸಿ ಒಮ್ಮೆ ಬಂದ್ ಮಾಡಿ ಸುಮತಿಯಕ್ಕ. ಒಳಗೆ ಊಟ ನಡೀತಾ ಉಂಟಾ ಇಲ್ವಾ ಗೊತ್ತಾಗ್ತಾ ಇಲ್ಲ" ಎಂದರು. ಅಮ್ಮ ಮಿಕ್ಸಿ ನಿಲ್ಲಿಸಿದಳು. ಗೇಟಿನಾಚೆ ಸ್ಕೂಟರ್ ಚಾಲೂ ಇಟ್ಟುಕೊಂಡೇ ಮಾತಾಡುತ್ತಿದ್ದ ಇಬ್ಬರಿಗೂ ಆರಿಸುವಂತೆ ಸನ್ನೆಯಾಯಿತು. ಕಾಟಿಪಳ್ಳದ ನಮ್ಮ ಬೀದಿ ಒಂದು ಮರದ ಸಲುವಾಗಿ ಅಷ್ಟು ಸುಮ್ಮನಾದದ್ದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ.

ಅವರ ಹೆಸರು ಉಸ್ಮಾನ್. ಕರಾವಳಿಯ ಬ್ಯಾರಿ ಮುಸ್ಲಿಮರ ಮನೆಗಳಲ್ಲಿ ಹಿರಿಯರ ಹೆಸರಿಗೆ ಮರ್ಯಾದೆಯಿಂದ ‘ಆಕ’ ಸೇರಿಸಿ ಕರೆಯುವ ಹಾಗೆ ನಾವೂ ಉಸ್ಮಾನಾಕ ಎನ್ನುತ್ತಿದ್ದೆವು. ನಮ್ಮ ಬೀದಿಯ ಹಿಂದಿನ ಬೀದಿಯಲ್ಲಿ ಅವರ ಮನೆ. ಬಹಳ ವರ್ಷ ಗಲ್ಫಿನಲ್ಲಿ, ಖರ್ಜೂರದ ತೋಟಗಳಲ್ಲಿ ದುಡಿದು ಬಂದವರು. ಬಂದ ಮೇಲೆ ಸುರತ್ಕಲ್ ಪೇಟೆಯಲ್ಲಿ ಬೀಜ, ಗೊಬ್ಬರ, ನೀರಿನ ಪೈಪುಗಳ ಒಂದು ಸಣ್ಣ ಅಂಗಡಿ ಇಟ್ಟಿದ್ದರು. ಅವರೂ ಅಮ್ಮನೂ ಮಾತಾಡುತ್ತಿದ್ದುದು ತುಳುವಿನಲ್ಲಿ. ನಾನು ಇಲ್ಲಿ ಅದನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ, ಅವರ ದನಿಯ ಸ್ವಲ್ಪ ಭಾಗ ಕಳೆದುಹೋಗಿರಬಹುದು.

ಆ ಅಂಗಡಿಯಲ್ಲಿ ವ್ಯಾಪಾರ ಮಾಡುವುದು ಸುಲಭವಿರಲಿಲ್ಲ. ಕೀಟನಾಶಕದ ಬಾಟಲಿಗಳು ಕೆಳಗಿನ ಕಪಾಟಿನಲ್ಲಿ ಬೀಗದೊಳಗೆ ಇರುತ್ತಿದ್ದವು. ಯಾರಾದರೂ ಬಂದು "ಬಳ್ಳಿಗೆ ಹುಳ ಬಿದ್ದಿದೆ, ಒಂದು ಮದ್ದು ಕೊಡಿ" ಎಂದರೆ ಉಸ್ಮಾನಾಕರ ಮೊದಲ ಪ್ರಶ್ನೆ, "ಹುಳ ತಂದಿದ್ದೀರಾ?" ತಂದಿಲ್ಲವೆಂದರೆ ವಾಪಸ್ಸು. ಹೀಗಾಗಿ ಜನ ಬೆಂಕಿಪೆಟ್ಟಿಗೆಯಲ್ಲಿ, ಮಾತ್ರೆಯ ಡಬ್ಬಿಯಲ್ಲಿ, ಒಮ್ಮೊಮ್ಮೆ ಸೆರಗಿನ ಗಂಟಿನಲ್ಲಿ ಹುಳ ಹಿಡಿದುಕೊಂಡು ಬರುತ್ತಿದ್ದರು. ನಾನು ಅಲ್ಲಿರುವಾಗಲೇ ಒಬ್ಬ ಹೆಂಗಸು ಅಲಸಂಡೆ ಬಳ್ಳಿಯಿಂದ ಹೆಕ್ಕಿದ ಕಪ್ಪು ಮುಳ್ಳುಮುಳ್ಳಾದ ಹುಳಗಳನ್ನು ಒಂದು ಡಬ್ಬಿ ತುಂಬ ತಂದಿದ್ದರು. ಉಸ್ಮಾನಾಕ ಕನ್ನಡಕ ಏರಿಸಿ ನೋಡಿ, ಡಬ್ಬಿಯನ್ನು ಮೆಲ್ಲಗೆ ಮುಚ್ಚಿ ಅವರ ಕೈಗೇ ಕೊಟ್ಟರು.

"ಇವರನ್ನು ಯಾಕೆ ಹಿಡಿದು ತಂದದ್ದು ಮಾರಾಯ್ರೆ? ಇದು ಚುಕ್ಕೆಯ ಕೆಂಪು ಹುಳ ಉಂಟಲ್ಲ, ಅದರ ಮರಿ. ನಿಮ್ಮ ಬಳ್ಳಿಯ ಹೇನು ತಿನ್ಲಿಕ್ಕೆ ಬಂದವರು. ಸಂಬಳ ಇಲ್ಲದೆ ಕೆಲಸ ಮಾಡ್ತಾ ಇದ್ದಾರೆ. ಕೊಂಡೋಗಿ ಅದೇ ಬಳ್ಳಿಯಲ್ಲಿ ಬಿಟ್ಟುಬಿಡಿ."

ಆ ಹೆಂಗಸು ನಂಬದ ಮುಖ ಮಾಡಿಕೊಂಡೇ ಹೋದರು. ಮುಂದಿನ ಬಾರಿ ಬಂದಾಗ ಅಲಸಂಡೆಯ ಒಂದು ಕಟ್ಟು ತಂದಿದ್ದರು.

ನಮ್ಮ ಮರದ ಕತೆಗೆ ಬರುತ್ತೇನೆ. ಬಂದರು ಕಟ್ಟಲು ಜಾಗ ಹೋದವರಿಗೆ ಕಾಟಿಪಳ್ಳದಲ್ಲಿ ಸೈಟು ಕೊಟ್ಟಾಗ ನನ್ನ ಅಜ್ಜ ಸಮುದ್ರದ ಬದಿಯ ತನ್ನ ಹಿತ್ತಿಲಿನಿಂದ ತಂದದ್ದು ಮೂರು ತೆಂಗಿನ ಸಸಿ ಮಾತ್ರ. ಅವು ಬೆಳೆದು ಮರವಾಗಿ, ಅಜ್ಜ ಹೋಗಿ, ಅಪ್ಪನೂ ಹೋದ ಮೇಲೆ ಅಮ್ಮನಿಗೆ ಆ ಮೂರು ಮರ ಎಂದರೆ ಮನೆಯ ಗಂಡಸರ ಲೆಕ್ಕ. ನಡುವಿನ ಮರದ ಸುಳಿ ವಾಲಿದಾಗ ಅವಳೇ ಉಸ್ಮಾನಾಕರಿಗೆ ಹೇಳಿ ಕಳಿಸಿದ್ದಳು.

ಕಾಂಡದಿಂದ ಕಿವಿ ತೆಗೆದ ಅವರು ನನ್ನನ್ನು ಹತ್ತಿರ ಕರೆದರು. ಬುಡದಿಂದ ಸ್ವಲ್ಪ ಮೇಲೆ ಒಂದು ತೂತು, ಅದರಿಂದ ಕಂದು ಬಣ್ಣದ ರಸ ಇಳಿದು ಒಣಗಿತ್ತು.

"ಮಗಳೇ, ಇಲ್ಲಿ ಮೂಸಿ ನೋಡು. ಹೇಗೆ ಉಂಟು?"

"ಹುಳಿ ಹೆಂಡದ ಹಾಗೆ" ಎಂದೆ.

ಅವರು ತಲೆಯಾಡಿಸಿದರು. ಅಮ್ಮನ ಕಡೆ ತಿರುಗಿ, ಮುಚ್ಚುಮರೆ ಇಲ್ಲದೆ ಹೇಳಿದರು. "ಕೆಂಪು ಮೂತಿ ಹುಳ, ಸುಮತಿಯಕ್ಕ. ಒಳಗೆ ತಿರುಳು ತಿಂದು ಆಗಿದೆ. ಮೊದಲೇ ಗೊತ್ತಾಗಿದ್ರೆ ತೂತಿಗೆ ಮದ್ದು ಹಾಕಿ ನೋಡಬಹುದಿತ್ತು. ಈಗ ಕಡಿಬೇಕು. ಕಡಿದು ಸೀಳಿ, ಒಳಗಿನ ಹುಳ ಎಲ್ಲ ಕೊಂದು, ಸುಡಬೇಕು. ಇಲ್ಲದಿದ್ರೆ ಆ ಎರಡೂ ಹೋಗ್ತದೆ."

ಅಮ್ಮ ಕೈಯಲ್ಲಿದ್ದ ಸೌಟನ್ನು ಕೆಳಗಿಟ್ಟಳು. "ಮಾವ ನೆಟ್ಟ ಮರ. ನಿಮಗೆ ಕಡಿ ಎನ್ನುವುದು ಸುಲಭ. ಬೇರೆ ಎಂತಾದರೂ ಮದ್ದು ಕೊಡಿ, ಜೋರಿನದ್ದು."

"ಕೊಟ್ಟರೆ ನೀವು ಸಂತೋಷ ಪಡ್ತೀರಿ. ಮರ ಉಳಿಯುವುದಿಲ್ಲ" ಎಂದರು ಅವರು.

ಮರ ಕಡಿಯುವವರು ಬಂದ ದಿನ ಉಸ್ಮಾನಾಕ ಅಂಗಡಿ ಮುಚ್ಚಿ ಬಂದು ನಿಂತರು. ಕಾಂಡ ಸೀಳಿದಾಗ ಬೆರಳು ಗಾತ್ರದ ಬಿಳಿ ಮರಿಗಳು ಉದುರಿದವು. ಅವರು ಅಂಗಿಯ ತೋಳು ಮಡಚಿ, ಒಂದೊಂದನ್ನೂ ಹೆಕ್ಕಿ ಸೀಮೆಎಣ್ಣೆಯ ಡಬ್ಬಿಗೆ ಹಾಕಿದರು. ಅಮ್ಮ ಹೊರಗೆ ಬರಲಿಲ್ಲ. ಅವರಿಗಾಗಿ ನಾನೇ ಚಾ ಮಾಡಿದೆ. ಆ ಮೇಲೆ ಬಹಳ ದಿನ ಅಮ್ಮ ಅವರೊಂದಿಗೆ ಮಾತಾಡಲಿಲ್ಲ. ಅವರೂ ಬೇಸರಿಸಲಿಲ್ಲ. ಗೇಟಿನ ಬಳಿ ಬಂದು ನನ್ನನ್ನು ಕರೆದು, ಹಲಸಿನ ಮರದ ಕೊಂಬೆಗೆ ಒಂದು ಬಕೆಟ್ ಕಟ್ಟಿ ಹೋದರು.

ಆ ಬಕೆಟ್ಟೇ ಅವರ ದೊಡ್ಡ ಆಯುಧ. ಮುಚ್ಚಳದ ಪ್ಲಾಸ್ಟಿಕ್ ಬಕೆಟಿನ ಮೇಲ್ಭಾಗಕ್ಕೆ ಕಿಟಕಿಯಂತೆ ತೂತು, ಹುಳ ಹತ್ತಲು ಹೊರಗೆ ಗೋಣಿಯ ಹೊದಿಕೆ. ಒಳಗೆ ಹುಳಗಳ ವಾಸನೆಯನ್ನೇ ಹೋಲುವ ಮದ್ದಿನ ಸಣ್ಣ ಪೊಟ್ಟಣ ತೂಗುತ್ತಿರುತ್ತದೆ. ಕೆಳಗೆ ಬೆಲ್ಲದ ನೀರಿನಲ್ಲಿ ಕೊಳೆತ ಬಾಳೆಹಣ್ಣು. ವಾಸನೆಗೆ ಬಂದ ಹುಳ ನೀರಿಗೆ ಬಿದ್ದು ಸಾಯುತ್ತದೆ. "ತೆಂಗಿನ ಮರಕ್ಕೇ ಕಟ್ಟಬಾರದು, ದೂರ ಕಟ್ಟಬೇಕು. ನೆಂಟರು ಮನೆ ಬಾಗಿಲಿಗೆ ಬಂದ ಮೇಲೆ ಎಂತ ತಡೆಯುವುದು?" ಎನ್ನುತ್ತಿದ್ದರು. ನಮ್ಮ ಬೀದಿಯಲ್ಲಿ, ಅವರ ಬೀದಿಯಲ್ಲಿ, ಶಾಲೆಯ ಹಿಂದೆ, ಹೀಗೆ ಇಡೀ ಬ್ಲಾಕಿಗೆ ಬಕೆಟ್ ಕಟ್ಟಿದರು. ಬಲ್ಮಠದಲ್ಲಿ ನನ್ನ ಆಫೀಸಿಗೆ ರಜೆ ಇದ್ದ ದಿನ ನಾನೂ ಅವರೊಂದಿಗೆ ಮನೆಮನೆಗೆ ಹೋಗುತ್ತಿದ್ದೆ. ಕೇಳುವುದು ಅವರ ಕೆಲಸ, ಮೂಸುವುದು ನನ್ನದು.

ಅವರೇ ಯಾಕೆ ಮೂಸುವುದಿಲ್ಲ ಎಂಬುದು ನನಗೆ ತಿಳಿದದ್ದು ಒಂದು ಹಬ್ಬದ ಊಟಕ್ಕೆ ಅವರ ಮನೆಗೆ ಹೋದಾಗ. ಅವರ ಹೆಂಡತಿ ಐಸಮ್ಮ ಬಿರಿಯಾನಿಯ ಪಾತ್ರೆಯ ಮುಚ್ಚಳ ತೆಗೆದರು. ಉಸ್ಮಾನಾಕ ನನ್ನನ್ನು ಕೇಳಿದರು, "ಪರಿಮಳ ಹೇಗುಂಟು?" ತಮಾಷೆ ಎಂದುಕೊಂಡು ನಕ್ಕೆ. ಐಸಮ್ಮ ನಗಲಿಲ್ಲ.

"ನನಗೆ ವಾಸನೆ ಗೊತ್ತಾಗುವುದಿಲ್ಲ ಮಗಳೇ" ಎಂದರು ಅವರು. "ಗಲ್ಫಿನಲ್ಲಿ ಮೊದಲು ನಾನು ಮದ್ದು ಬಿಡುವವನೇ ಅಲ್ವಾ? ಒಂದು ಹುಳ ಕಂಡ್ರೆ ಇಡೀ ತೋಟಕ್ಕೆ ಹೊಡೆಯುವುದು. ಮುಖಕ್ಕೆ ಒಂದು ತುಂಡು ಬಟ್ಟೆ. ಒಂದು ದಿನ ಊಟಕ್ಕೆ ಕೂತಾಗ ಮೀನಿನ ವಾಸನೆ ಬರ್ಲಿಲ್ಲ. ಮತ್ತೆ ಬರಲೇ ಇಲ್ಲ. ಕಡೆಗೆ ಈಜಿಪ್ಟಿನ ಒಬ್ಬ ಕೃಷಿ ಇಂಜಿನಿಯರ್ ಬಂದ. ಒಳ್ಳೆ ಮನುಷ್ಯ. ಬಕೆಟ್ ಕಟ್ಟುವುದು, ಮರಕ್ಕೆ ಕಿವಿ ಕೊಡುವುದು ಎಲ್ಲ ಅವನೇ ಕಲಿಸಿದ್ದು. ಸ್ವಲ್ಪ ಬೇಗ ಬರ್ಬೇಕಿತ್ತು ಅವ."

ಮದ್ದಿನಿಂದಲೇ ಹೀಗಾದದ್ದೆಂದು ಡಾಕ್ಟರು ಖಚಿತವಾಗಿ ಹೇಳಿರಲಿಲ್ಲವಂತೆ. ಅವರಿಗೆ ಮಾತ್ರ ಸಂಶಯವಿರಲಿಲ್ಲ. ಆದರೂ ಮದ್ದನ್ನು ಅವರು ಶಪಿಸಿದ್ದನ್ನು ನಾನು ಕೇಳಿಲ್ಲ. ಬೇಕಾದ ಮರಕ್ಕೆ, ಬೇಕಾದಷ್ಟೇ, ಕೈಗೆ ಗ್ಲೌಸು ಹಾಕಿ ತಾವೇ ಹಾಕುತ್ತಿದ್ದರು. "ಅದು ಕಡೆಗೆ. ಮೊದಲೇ ಅದನ್ನು ಕರೆದ್ರೆ ಮತ್ತೆ ಯಾರನ್ನು ಕರೆಯುವುದು?"

ಆ ವರ್ಷ ಮಳೆಗಾಲ ಮುಗಿಯುವ ಹೊತ್ತಿಗೆ ನಮ್ಮ ಕಡೆ ಗಲಾಟೆಯಾಯಿತು. ಎಲ್ಲೋ ಯಾರೋ ಮಾಡಿದ್ದಕ್ಕೆ ಇಲ್ಲಿ ಅಂಗಡಿಗಳು ಬಾಗಿಲು ಹಾಕಿದವು, ಬಸ್ಸುಗಳು ನಿಂತವು, ಬೀದಿ ತುದಿಯಲ್ಲಿ ಪೊಲೀಸರು ಕುಳಿತರು. ಅವರ ಬೀದಿಯವರು ನಮ್ಮ ಬೀದಿಗೆ, ನಮ್ಮವರು ಅವರ ಬೀದಿಗೆ ಬರುವುದು ನಿಂತಿತು. ಒಂದು ಬೆಳಿಗ್ಗೆ ಅಮ್ಮ ಅಂಗಳದಲ್ಲಿ ನಿಂತು ಹಲಸಿನ ಮರದ ಬಕೆಟನ್ನೇ ನೋಡುತ್ತಿದ್ದಳು. ಆಮೇಲೆ ನನ್ನ ಫೋನು ಇಸಕೊಂಡು ತಾನೇ ಮಾತಾಡಿದಳು.

"ಉಸ್ಮಾನಾಕ, ಸುಮತಿ. ಬಕೆಟಿಗೆ ಎಂತ ಹಾಕಬೇಕು ಹೇಳಿ. ನಾನು ಹಾಕ್ತೇನೆ."

ಸ್ಪೀಕರಿನಲ್ಲಿ ಅವರ ದನಿ ಕೇಳಿಸಿತು. "ಬಾಳೆಹಣ್ಣು ಉಂಟಾ? ಕೊಳೆತದ್ದು ಒಳ್ಳೆಯದು. ಒಂದು ತುಂಡು ಬೆಲ್ಲ. ನೀರು ಒಣಗಬಾರದು ಸುಮತಿಯಕ್ಕ, ಒಣಗಿದ್ರೆ ಬಿದ್ದ ಹುಳ ಹಾರಿ ಹೋಗ್ತದೆ."

"ಶಾಲೆ ಹಿಂದಿನದ್ದು?"

"ಅದು ಇರ್ಲಿ. ನೀವು ಹೊರಗೆ ಹೋಗುವುದು ಬೇಡ ಈಗ."

ಆದರೂ ಅಮ್ಮ ಹೊರಟಳು. ಒಂದು ಕೊಡಪಾನ ನೀರು, ಬೆಲ್ಲದ ಪೊಟ್ಟಣ ಹಿಡಿದು ನಾವಿಬ್ಬರೂ ನಮ್ಮ ಬೀದಿಯ ಬಕೆಟುಗಳನ್ನೆಲ್ಲ ತುಂಬಿಸಿ, ಶಾಲೆಯ ಹಿಂದಕ್ಕೂ ಹೋಗಿ ಬಂದೆವು. "ಎಂತ ಅಮ್ಮ ಇದು?" ಎಂದು ಪೊಲೀಸರು ಕೇಳಿದಾಗ ಅಮ್ಮ, "ಹುಳಕ್ಕೆ ಊಟ" ಎಂದಳು. ಗಲಾಟೆ ತಣ್ಣಗಾಗಿ ಉಸ್ಮಾನಾಕ ಮತ್ತೆ ಬಂದಾಗ ಎಂದಿನಂತೆ ಗೇಟಿನ ಹೊರಗೇ ನಿಂತರು. ಅಮ್ಮ ಒಳಗಿನಿಂದಲೇ ಗದರಿದಳು, "ಅಲ್ಲಿ ಎಂತ ನಿಂತದ್ದು? ಚಾ ಆರ್ತದೆ, ಬನ್ನಿ."

ಉಳಿದೆರಡು ಮರಗಳು ಈಗಲೂ ಕಾಯಿ ಬಿಡುತ್ತಿವೆ.

ಆಮೇಲೆ ಬಂದದ್ದು ಬಿಳಿ ನೊಣ. ತೆಂಗಿನ ಗರಿಗಳ ಅಡಿಯಲ್ಲಿ ಸುರುಳಿ ಸುರುಳಿಯಾಗಿ ಬಿಳಿ ಬೂದಿ ಚೆಲ್ಲಿದಂತೆ ಮೊಟ್ಟೆ. ಅವು ಸುರಿಸುವ ಅಂಟು ಕೆಳಗೆ ಬಿದ್ದು, ಅದರ ಮೇಲೆ ಮಸಿಯಂಥ ಬೂಷ್ಟು ಕಟ್ಟಿ, ಬಾಳೆ, ಬಸಳೆ, ಒಣಗಲು ಹಾಕಿದ ಬಟ್ಟೆ ಎಲ್ಲ ಕಪ್ಪಾಯಿತು. ಬಾಡಿಗೆ ಕಾರು ಓಡಿಸುವ ಶೇಖರಣ್ಣನ ಬಿಳಿ ಕಾರುಗಳೂ ಕಪ್ಪಾದವು. ಬ್ಲಾಕಿನವರು ಸಭೆ ಸೇರಿ, ಟ್ಯಾಂಕರ್ ತರಿಸಿ ಎಲ್ಲ ಮರಗಳಿಗೂ ಜೋರಿನ ಮದ್ದು ಹೊಡೆಸುವುದೆಂದು ಮಾತಾಡಿಕೊಂಡರು. ಉಸ್ಮಾನಾಕ ಒಂದು ಗರಿಯ ತುಂಡು, ಒಂದು ಭೂತಗನ್ನಡಿ ಹಿಡಿದುಕೊಂಡು ಎದ್ದು ನಿಂತರು.

"ಸ್ವಲ್ಪ ನೋಡಿ ಶೇಖರಣ್ಣ. ಬಿಳಿ ಇರುವುದು ಬದುಕಿದ ಮರಿ. ನಡುವೆ ಕಪ್ಪಾದದ್ದು ಕಾಣ್ತದಾ? ಅದರೊಳಗೆ ಕಣಜ ಮೊಟ್ಟೆ ಇಟ್ಟು ಆಗಿದೆ. ಸಾಸಿವೆಗಿಂತ ಸಣ್ಣ ಕಣಜ, ನಮ್ಮನ್ನು ಕಚ್ಚುವುದಿಲ್ಲ. ಅದು ಬಂದು ಕೆಲಸ ಶುರು ಮಾಡಿದೆ. ಈಗ ಮದ್ದು ಹೊಡೆದ್ರೆ ಮೊದಲು ಸಾಯುವುದು ಅದೇ. ಮದ್ದು ಬಾವಿಗೂ ಬೀಳ್ತದೆ."

"ನನ್ನ ಕಾರು ಕಪ್ಪಾಗಿದೆ ಮಾರಾಯ್ರೆ. ಅದಕ್ಕೆ ನಿಮ್ಮ ಕಣಜ ಎಂತ ಮಾಡ್ತದೆ?" ಎಂದರು ಶೇಖರಣ್ಣ. ಸಭೆ ಗೊಳ್ಳೆಂದು ನಕ್ಕಿತು.

ಉಸ್ಮಾನಾಕರೂ ನಕ್ಕರು. ಆಮೇಲೆ ಗಂಭೀರವಾಗಿ, "ಆ ಮಾತು ಸರಿ. ಕಾರು ನಿಮ್ಮ ಅನ್ನ. ಅದನ್ನು ನಾನು ನೋಡಿಕೊಳ್ತೇನೆ. ಮಳೆ ಬರುವ ತನಕ ಮದ್ದು ಬೇಡ, ಅಷ್ಟೇ ಕೇಳುವುದು" ಎಂದರು.

ಮಳೆಯ ತನಕ ಕಾಯಲು ಸಭೆ ಒಪ್ಪಿತು. ಮರುದಿನದಿಂದ ಅವರು ಅಂಗಡಿಯ ಪಂಪು ತಂದು, ಪೈಪು ಹಿಡಿದು, ಗಿಡ್ಡ ಮರಗಳ ಗರಿಯ ಅಡಿಗೆ ಜೋರಾಗಿ ನೀರು ಹಾಯಿಸಿದರು. ಎತ್ತರದ ಮರಗಳಿಗೆ ನೀರು ಮುಟ್ಟುತ್ತಿರಲಿಲ್ಲ, ಅದನ್ನು ಅವರೇ ಒಪ್ಪುತ್ತಿದ್ದರು. ಗರಿ ತೊಳೆದಾದ ಮೇಲೆ ಶೇಖರಣ್ಣನ ಕಾರುಗಳನ್ನು ತೊಳೆಯುತ್ತಿದ್ದರು. ಕೆಲವು ದಿನ ಶೇಖರಣ್ಣ ವರಾಂಡದಲ್ಲಿ ಕೂತು ನೋಡಿದರು. ಒಂದು ಬೆಳಿಗ್ಗೆ ಲುಂಗಿ ಎತ್ತಿ ಕಟ್ಟಿಕೊಂಡು ಬಂದು, "ಪೈಪು ಕೊಡಿ ಇಲ್ಲಿ. ವಯಸ್ಸಾದವರು ನನ್ನ ಕಾರು ತೊಳೆದ್ರೆ ಜನ ಎಂತ ಹೇಳ್ಲಿಕ್ಕಿಲ್ಲ?" ಎಂದು ಕಸಿದುಕೊಂಡರು.

ಮಳೆ ಬಂತು, ಬಿಳಿ ಇಳಿಯಿತು. ಮುಂದಿನ ಬೇಸಿಗೆಯಲ್ಲಿ ನೊಣ ಮತ್ತೆ ಕಂಡರೂ ಗರಿಗಳಲ್ಲಿ ಕಪ್ಪು ಚುಕ್ಕೆಗಳೇ ಹೆಚ್ಚಾಗಿದ್ದವು. "ನೀವು ಗೆದ್ದಿರಿ" ಎಂದೆ ನಾನು. "ಅರ್ಧ ಮಳೆಗೆ ಕೊಡು ಮಗಳೇ. ಇದರಲ್ಲಿ ಗೆಲ್ಲುವುದು ಅಂತ ಇಲ್ಲ. ಅದೂ ಇರ್ಲಿ, ಕಣಜವೂ ಇರ್ಲಿ. ಮರ ಸಾಯದಿದ್ರೆ ಆಯ್ತು" ಎಂದರು.

ಕಳೆದ ವರ್ಷ ಒಂದು ಶುಕ್ರವಾರ, ಮಸೀದಿಯಿಂದ ನೇರವಾಗಿ ನಮ್ಮ ಮನೆಗೆ ಬಂದರು. ಉಮ್ರಾ ಯಾತ್ರೆಗೆ ಹೊರಟಿದ್ದರು. ಹೊರಡುವ ಮೊದಲು ಎಲ್ಲರ ಬಳಿ ತಪ್ಪಾಗಿದ್ದರೆ ಮಾಫಿ ಕೇಳುವುದು ಅವರಲ್ಲಿ ಕ್ರಮ.

"ಸುಮತಿಯಕ್ಕ, ಮರದ ವಿಷಯದಲ್ಲಿ ನಿಮಗೆ ನೋವು ಮಾಡಿದ್ದೇನೆ. ಮಾಫ್ ಮಾಡಬೇಕು."

"ನೀವು ಹೇಳಿದ್ದು ಸರಿ ಇತ್ತಲ್ಲ" ಎಂದಳು ಅಮ್ಮ.

"ಸರಿ ಇದ್ರೂ ನೋವು ನೋವೇ ಅಲ್ವಾ?" ಎಂದು ಎದ್ದು, ಅಂಗಳದಲ್ಲಿ ಚಪ್ಪಲಿ ಮೆಟ್ಟಿ ಹೊರಟರು. ನಾವು ಅವರನ್ನು ನೋಡಿದ್ದು ಅದೇ ಕೊನೆಯ ಸಲ. ಯಾತ್ರೆಗೆ ಹೋದಲ್ಲಿಯೇ ಎದೆನೋವು ಬಂದು ತೀರಿಕೊಂಡರು, ಅಲ್ಲಿಯೇ ಮಣ್ಣಾದರು. ಊರಿನಲ್ಲಿ ಹೋಗಿ ನಿಲ್ಲಲು ಒಂದು ಗೋರಿಯೂ ಇಲ್ಲ.

ಅಮ್ಮ ಐಸಮ್ಮನ ಮನೆಗೆ ಹೋಗಿ ಕೂರತೊಡಗಿದಳು. ಇಬ್ಬರೂ ಹೆಚ್ಚು ಮಾತಾಡುವವರಲ್ಲ. ಬಕೆಟುಗಳಿಗೆ ತೂತು ಕೊರೆದು ಗೋಣಿ ಸುತ್ತಿ ಹೊಲಿಯುತ್ತಿದ್ದುದು ಅಷ್ಟು ವರ್ಷವೂ ಐಸಮ್ಮನೇ ಎಂಬುದು ನಮಗೆ ಆಗಲೇ ಗೊತ್ತಾದದ್ದು. ಗಂಡನ ಮೊಬೈಲನ್ನು ಅವರು ಆರಿಸಿರಲಿಲ್ಲ. ಒಂದು ಭಾನುವಾರ ನಾವು ಅಲ್ಲಿರುವಾಗಲೇ ಅದು ರಿಂಗಾಯಿತು. ಬಿಜೈಯಿಂದ ಯಾರೋ ಮಾತಾಡುತ್ತಿದ್ದರು, ಮನೆಯ ಹಿಂದಿನ ತೆಂಗಿನ ಸುಳಿ ವಾಲಿದೆ, ಉಸ್ಮಾನಾಕರನ್ನು ಒಮ್ಮೆ ಕಳಿಸಬಹುದಾ ಎಂದು.

"ಅವರು ಇಲ್ಲ, ತೀರಿಹೋದ್ರು" ಎಂದರು ಐಸಮ್ಮ. ಆ ಕಡೆಯವರು ಏನೋ ಸಮಾಧಾನ ಹೇಳಿ ಇಡಲು ಹೊರಟಿರಬೇಕು, ಇವರು ತಡೆದರು. "ಇಡಬೇಡಿ. ಮದ್ದು ಎಂತದ್ದೂ ಹಾಕಬೇಡಿ ಈಗ. ಮನೆ ಎಲ್ಲಿ ಹೇಳಿ, ನಾವು ಬರ್ತೇವೆ."

ಅವರು ಬುರ್ಖಾ ತರಲು ಒಳಗೆ ಹೋದರು. ಅಮ್ಮ ಆಗಲೇ ಎದ್ದು ಚಪ್ಪಲಿ ಹುಡುಕುತ್ತಿದ್ದಳು.